ದೊಡ್ಡಸ್ತಿಕೆ ಅಂದ್ರೆ ಬರೀ ಜಂಬ ಅಲ್ಲ ಮಾರಾಯ್ರೆ

ಕೆಲಸಕ್ಕೆ ಸೇರಿದ ಹೊಸತು. ಬೆಂಗಳೂರಿನ ಆಫೀಸಿನಲ್ಲಿ ಕೂತು ಅಮ್ಮನ ಹತ್ತಿರ ಫೋನಿನಲ್ಲಿ, ‘ಈ ವಾರ ಬಪ್ಪುಕೆ ಆತಿಲ್ಲ’ ಅಂದೆ. ಪಕ್ಕದ ಸೀಟಿನವರು ನಕ್ಕರು. ‘ನಿಮ್ಮ ಕನ್ನಡ ಎಷ್ಟು ಕ್ಯೂಟ್! ಪರವಾಗಿಲ್ಲ, ಇಲ್ಲೇ ಇದ್ರೆ ಸರಿಯಾದ ಕನ್ನಡ ಬರುತ್ತೆ.’

ಬೈದದ್ದಲ್ಲ, ಹೊಗಳಿದ್ದೇ. ಆದರೂ ಕಸಿವಿಸಿ ಆಯ್ತು.

ಇಂಗ್ಲಿಷಿನವರು ಇದಕ್ಕೆ ‘ಪೇಟ್ರನೈಸ್’ ಅಂತಾರೆ. ಆ ಪದದ ಬೇರು ಲ್ಯಾಟಿನ್ನಿನ ‘ಪೇಟರ್’, ಅಂದ್ರೆ ಅಪ್ಪ. ಎದುರಿನವರನ್ನು ಮಗು ಮಾಡಿ, ತಾನು ಅಪ್ಪ ಆಗುವುದು!

ನಮ್ಮಲ್ಲಿ ಇದಕ್ಕೆ ಹತ್ತಿರದ ಪದ ದೊಡ್ಡಸ್ತಿಕೆ. ನೇರ ಅರ್ಥ ದೊಡ್ಡತನ; ಬಳಕೆಯಲ್ಲಿ ಹೆಚ್ಚಾಗಿ, ಇಲ್ಲದ ದೊಡ್ಡತನ ತೋರಿಸುವುದು. ಜಂಬಕ್ಕೆ ಒಂದು ಕನ್ನಡಿ ಸಾಕು. ದೊಡ್ಡಸ್ತಿಕೆಗೆ ಹಾಗಲ್ಲ, ಎದುರಿಗೆ ಚಿಕ್ಕವನೊಬ್ಬ ಬೇಕು.

ಅದರ ಜೊತೆಗಾರ ಪದ ‘ಪಾಪ’. ‘ಪಾಪದ ಮಾಣಿ’ ಅಂತ ಅಜ್ಜಿ ಹೇಳಿದರೆ ಪ್ರೀತಿ. ಅದೇ ‘ಪಾಪ, ಅವನಿಗೆ ಗೊತ್ತಾಗಲ್ಲ’ ಅಂತ ಮೀಟಿಂಗಿನಲ್ಲಿ ಬಂದರೆ ದೊಡ್ಡಸ್ತಿಕೆ. ಪದ ಒಂದೇ, ಹೇಳುವವರು ಎಲ್ಲಿ ನಿಂತಿದ್ದಾರೆ ಅನ್ನುವುದು ಮುಖ್ಯ.

ಅಂದಹಾಗೆ, ಆ ‘ಬಪ್ಪುಕೆ’ ತಪ್ಪು ಕನ್ನಡ ಅಲ್ಲ. ಹಳಗನ್ನಡದ ‘ಬರ್ಪ’, ‘ಪೋಪ’ಗಳ ಗುರುತು ನಮ್ಮ ‘ಬಪ್ಪ’, ‘ಹೋಪ’ದಲ್ಲಿ ಇನ್ನೂ ಉಳಿದಿದೆ. 2018ರಲ್ಲಿ ಬೈಂದೂರು, ಬ್ರಹ್ಮಾವರ ಬೇರೆ ಬೇರೆ ತಾಲೂಕುಗಳಾದವು. ಮಾತು ಬೇರೆ ಆಗಲಿಲ್ಲ. ಆಸಾಡಿ ಅಮಾಸಿಗೆ ವಿಶ್ವ ಕುಂದಾಪ್ರ ಕನ್ನಡ ದಿನವನ್ನೂ ಆಚರಿಸುತ್ತೇವೆ.

ಇಷ್ಟೆಲ್ಲ ತಿಳಿದ ನಾನು ಮಾಡಿದ್ದೇನು? ಕಳೆದ ಸಲ ಊರಿಗೆ ಹೋದಾಗ ಅಮ್ಮ ಫೋನಿನಲ್ಲಿ ದುಡ್ಡು ಕಳಿಸುವುದು ಹೇಗೆ ಅಂತ ಕೇಳಿದರು. ಎರಡನೇ ಸಲ ಕೇಳಿದಾಗ ಫೋನ್ ಕಸಿದುಕೊಂಡು, ‘ಬಿಡಿ ಅಮ್ಮ, ನಿಮಗೆ ಇದೆಲ್ಲ ಯಾಕೆ, ನಾನೇ ಮಾಡ್ತೆ’ ಅಂದೆ. ಸಹಾಯ ಮಾಡಿದೆ ಅಂತಲೇ ಅಂದುಕೊಂಡಿದ್ದೆ.

ಅಮ್ಮ ಮತ್ತೆ ಕೇಳಲೇ ಇಲ್ಲ. ಮರುದಿನ ನೋಡಿದರೆ ಪಕ್ಕದ ಮನೆಯ ಹುಡುಗಿಯ ಹತ್ತಿರ ಕೂತು ಕಲಿಯುತ್ತಿದ್ದರು. ನಾನು ಹೋಗಿ ನಿಂತಾಗ ತಲೆ ಎತ್ತದೆ ಅಂದರು: ‘ನಿಧಾನ ಹೇಳ್ರೆ ನಂಗೂ ಗೊತ್ತಾತ್ತ್ ಮಗಾ. ದೊಡ್ಡಸ್ತಿಕೆ ಮಾಡ್ಬೇಡ.’

ಆಫೀಸಿನಲ್ಲಿ ನನಗೆ ಸಿಗದೇ ಹೋದ ಪದ ಅಮ್ಮನ ಬಾಯಲ್ಲಿ ಸಿಕ್ಕಿತು. ಆದರೆ ಅದು ನನಗೇ ಹೇಳಿದ್ದು.

ಈಗ ಒಂದು ರೂಢಿ ಮಾಡಿಕೊಂಡಿದ್ದೇನೆ. ಹೇಳಿಕೊಡುವ ಮೊದಲು ‘ಎಲ್ಲಿವರೆಗೆ ಗೊತ್ತಿತ್ತ್?’ ಅಂತ ಕೇಳುತ್ತೇನೆ. ಫೋನ್ ಅವರ ಕೈಯಲ್ಲೇ ಇರುತ್ತದೆ. ಸ್ವಲ್ಪ ತಡ ಆಗುತ್ತದೆ, ಅಷ್ಟೇ.

ನಿಮ್ಮೂರಲ್ಲಿ ಇದಕ್ಕೆ ಏನಂತಾರೆ? ಬರೆದು ತಿಳಿಸಿ.