ನಿಮಗಿದು ಗೊತ್ತೇ? ಕೈ ಊರಿ ಬಿದ್ದವರ ಮಣಿಕಟ್ಟು

"ಎಕ್ಸ್‌ರೇ ತೆಗೆಸಿ ಆಯ್ತು. ಫ್ರ್ಯಾಕ್ಚರ್ ಇಲ್ಲವಂತೆ, ಸಣ್ಣ ಕ್ರ್ಯಾಕ್ ಮಾತ್ರ." ಮಂಡೆಕೋಲಿನಿಂದ ಸುಳ್ಯಕ್ಕೆ ಹೋಗುವ ಬಸ್ಸಿನಲ್ಲಿ ಮಳೆಗಾಲ ಪೂರ್ತಿ ಕೇಳಿಸುವ ಸಮಾಧಾನ ಇದು. ವೈದ್ಯರ ಲೆಕ್ಕದಲ್ಲಿ ಎರಡೂ ಒಂದೇ. ಕೂದಲೆಳೆಯಷ್ಟು ಸೀಳಿದರೂ ಅದು ಮುರಿತವೇ.

ಬೆರಳು ಆಡುತ್ತದೆ, ಹಾಗಾಗಿ ಎಲುಬು ಸರಿಯಿದೆ ಎನ್ನುವುದೂ ತಪ್ಪು. ಬೆರಳನ್ನು ಮಡಚಿ ಬಿಡಿಸುವ ಸ್ನಾಯುಗಳು ಹೆಚ್ಚಿನವು ಮುಂಗೈಯಲ್ಲಿ, ಮೊಣಕೈಗೆ ಹತ್ತಿರ ಇವೆ. ಅವುಗಳ ಹುರಿಗಳಷ್ಟೇ ಮಣಿಕಟ್ಟನ್ನು ದಾಟಿ ಬರುತ್ತವೆ. ಮಣಿಕಟ್ಟು ಮುರಿದವರೂ ಬೆರಳು ಆಡಿಸಬಲ್ಲರು.

ಪಾಚಿ ಕಟ್ಟಿದ ಅಂಗಳ, ತೋಟದ ಕಾಲುಸಂಕ, ಹಟ್ಟಿಯ ಮೆಟ್ಟಿಲು ಎಲ್ಲಿ ಜಾರಿದರೂ ಬೀಳುವಾಗ ಅಂಗೈ ತಾನಾಗಿ ಮುಂದಕ್ಕೆ ಚಾಚುತ್ತದೆ. ಮೈಯ ಭಾರವೆಲ್ಲ ಹೆಬ್ಬೆರಳ ಬದಿಯ ಮುಂಗೈ ಎಲುಬು, ಅಂದರೆ ರೇಡಿಯಸ್‌ನ ತುದಿಗೆ ಬರುತ್ತದೆ. ಅಲ್ಲಿ ಮುರಿದು ತುದಿ ಹಿಂದಕ್ಕೆ ಸರಿದರೆ ಅದಕ್ಕೆ ಕಾಲಿಸ್ ಮುರಿತ ಎಂದು ಹೆಸರು. ಡಬ್ಲಿನ್‌ನ ಶಸ್ತ್ರವೈದ್ಯ ಅಬ್ರಹಾಂ ಕಾಲಿಸ್ ಇದನ್ನು ವಿವರಿಸಿ ಬರೆದದ್ದು 1814ರಲ್ಲಿ. ಎಕ್ಸ್‌ರೇ ಬರಲು ಇನ್ನೂ 81 ವರ್ಷ ಇತ್ತು. ಕೈಯಿಂದ ಮುಟ್ಟಿ, ಎಳೆದು, ತಿರುಗಿಸಿ ನೋಡಿ ಕಂಡುಕೊಂಡದ್ದು. ಈಥರ್ ಅರಿವಳಿಕೆ ಜಗತ್ತಿಗೆ ಗೊತ್ತಾದದ್ದು 1846ರಲ್ಲಿ, ಹಾಗಾಗಿ ಆ ಎಳೆತಗಳನ್ನು ರೋಗಿಗಳು ಎಚ್ಚರವಿದ್ದೇ ಸಹಿಸಿರಬೇಕು.

ಐವತ್ತು ದಾಟಿದವರು ಬಿದ್ದರೆ ಮಣಿಕಟ್ಟು, ಎಪ್ಪತ್ತೈದು ದಾಟಿದವರು ಬಿದ್ದರೆ ಸೊಂಟ. ವಯಸ್ಸಾದಂತೆ ಕೈ ಚಾಚುವ ವೇಗ ಕಡಿಮೆಯಾಗುವುದು ಇದಕ್ಕೆ ಒಂದು ಕಾರಣ. ಮುಟ್ಟು ನಿಂತ ಹೆಂಗಸರು ನಿಂತಲ್ಲೇ ಜಾರಿ ಮಣಿಕಟ್ಟು ಮುರಿದುಕೊಂಡರೆ, ಕೈಗೆ ಪ್ಲಾಸ್ಟರ್ ಹಾಕಿದಲ್ಲಿಗೆ ಕೆಲಸ ಮುಗಿಯಲಿಲ್ಲ. ಎಲುಬಿನ ಸಾಂದ್ರತೆಯನ್ನೂ ಪರೀಕ್ಷಿಸಲು ವೈದ್ಯರನ್ನು ಕೇಳಿ. ಮನೆಯವರು ಕೇಳದೆ ಬಿಡುವ ಪ್ರಶ್ನೆ ಇದೊಂದೇ ಎಂದು ನನ್ನ ಅನಿಸಿಕೆ.

ಅಡಿಕೆ ತೋಟದಲ್ಲಿ ಬಿದ್ದರೆ ಪ್ರಥಮ ಚಿಕಿತ್ಸೆಯ ಸಾಮಾನು ಕಾಲಬುಡದಲ್ಲೇ ಇರುತ್ತದೆ. ಹಾಳೆ! ತುಸು ಹಸಿಯಿರುವ ಹಾಳೆಯ ತುಂಡು ಮುಂಗೈಯ ಕೆಳಗೆ ತೊಟ್ಟಿಲಿನಂತೆ ಕೂರುತ್ತದೆ. ಒಳಗೆ ಬೈರಾಸು ಮಡಚಿಟ್ಟು, ಮುರಿದ ಜಾಗದ ಆಚೆ ಈಚೆ ಸಡಿಲವಾಗಿ ಕಟ್ಟಿ, ಕೈಯನ್ನು ಎದೆಗಿಂತ ಮೇಲೆ ಹಿಡಿದು ಆಸ್ಪತ್ರೆಗೆ ಹೊರಡಬಹುದು. ಎಳೆದು ನೆಟ್ಟಗೆ ಮಾಡಲು ಹೋಗಬೇಡಿ, ಎಣ್ಣೆ ಹಚ್ಚಿ ತಿಕ್ಕಬೇಡಿ. ಹಾಳೆ ಕಟ್ಟುವ ಮೊದಲೇ ಬಳೆ, ಉಂಗುರ ತೆಗೆಯಿರಿ. ಬಾತುಕೊಂಡ ಮೇಲೆ ಉಂಗುರವನ್ನು ಕತ್ತರಿಸಿಯೇ ತೆಗೆಯಬೇಕಾಗುತ್ತದೆ.

ಮಣಿಕಟ್ಟು ಮುರಿಯಲು ಬೀಳಲೇಬೇಕೆಂದಿಲ್ಲ. ಹ್ಯಾಂಡಲ್ ತಿರುಗಿಸಿ ಸ್ಟಾರ್ಟ್ ಮಾಡುವ ಹಳೆಯ ಜೀಪು, ಡೀಸೆಲ್ ಪಂಪುಗಳ ಕಾಲದವರಿಗೆ ಇದು ತಟ್ಟನೆ ಅರ್ಥವಾಗುತ್ತದೆ: ಎಂಜಿನ್ ಹಿಂದಕ್ಕೆ ಒದ್ದರೆ ಹ್ಯಾಂಡಲ್ ಅಂಗೈಗೆ ಬಡಿದು ರೇಡಿಯಸ್‌ನ ಹೊರ ಮೂಲೆ ಮುರಿಯುತ್ತದೆ. ವೈದ್ಯ ಪುಸ್ತಕಗಳಲ್ಲಿ ಅದಕ್ಕೆ ಇಂದಿಗೂ ಡ್ರೈವರ್‌ಗಳ ಹೆಸರೇ: ಶೋಫರ್ ಮುರಿತ.

ಅಮೆರಿಕದಲ್ಲಿ ರೋಗಿಯೊಬ್ಬರಿಗೆ ಮೊದಲು ಎಕ್ಸ್‌ರೇ ತೆಗೆದದ್ದೂ ಮಣಿಕಟ್ಟಿಗೇ. 1896ರ ಫೆಬ್ರವರಿ 3, ಡಾರ್ಟ್‌ಮತ್ ಕಾಲೇಜು. ಮಂಜುಗಡ್ಡೆಯ ಮೇಲೆ ಸ್ಕೇಟಿಂಗ್ ಮಾಡುತ್ತ ಬಿದ್ದ ಎಡ್ಡಿ ಮೆಕಾರ್ಥಿ ಎಂಬ ಹುಡುಗ ಸುಮಾರು 20 ನಿಮಿಷ ಕೈ ಅಲುಗಿಸದೆ ಕೂತಿದ್ದ. ವಿಜ್ಞಾನಿ ರಾಂಟ್ಜನ್ ಆ ಕಿರಣವನ್ನು ಕಂಡು ಮೂರು ತಿಂಗಳೂ ತುಂಬಿರಲಿಲ್ಲ.

ಎಕ್ಸ್‌ರೇಗೂ ಕಣ್ತಪ್ಪುವುದುಂಟು. ಮಣಿಕಟ್ಟಿನ ಎಂಟು ಸಣ್ಣ ಎಲುಬುಗಳಲ್ಲಿ ಸ್ಕೇಫಾಯ್ಡ್ ಎಂಬುದೊಂದಿದೆ, ದೋಣಿಯ ಆಕಾರದ್ದು. ಹೆಬ್ಬೆರಳನ್ನು ಹಿಂದಕ್ಕೆ ಎತ್ತಿದಾಗ ಬುಡದಲ್ಲಿ, ನಶ್ಯ ಸುರಿದುಕೊಳ್ಳುವಷ್ಟು, ಒಂದು ಗುಳಿ ಬೀಳುತ್ತದಲ್ಲ, ಆ ಗುಳಿಯ ತಳದಲ್ಲಿದೆ ಅದು. ಅಲ್ಲಿ ಒತ್ತಿದಾಗ ನೋವಾದರೆ ಮೊದಲ ಎಕ್ಸ್‌ರೇಯಲ್ಲಿ ಏನೂ ಕಾಣದಿದ್ದರೂ ನಂಬಬೇಡಿ. 10ರಿಂದ 14 ದಿನ ಬಿಟ್ಟು ಮತ್ತೆ ತೆಗೆಸಬೇಕು. ಈ ಎಲುಬಿಗೆ ರಕ್ತ ಬರುವುದು ತುದಿಯಿಂದ ಹಿಮ್ಮುಖವಾಗಿ. ನಡುವೆ ಮುರಿದರೆ ಹಿಂದಿನ ತುಂಡಿಗೆ ರಕ್ತವಿಲ್ಲದೆ ಅದು ಸಾಯಲೂಬಹುದು.

ಪ್ಲಾಸ್ಟರ್ ಹಾಕುವಾಗ ಕೈ ಬಿಸಿಯಾಗುವುದೇಕೆ? ಜಿಪ್ಸಮ್ ಕಲ್ಲನ್ನು ಕಾಯಿಸಿ ಅದರ ನೀರಿನ ಬಹುಪಾಲನ್ನು ಹೊರಗಟ್ಟಿದ ಪುಡಿ ಅದು. ನೀರು ಮತ್ತೆ ಸಿಕ್ಕಾಗ ಕಲ್ಲಾಗುತ್ತದೆ, ಹಾಗೆ ಆಗುವಾಗ ಶಾಖ ಬಿಡುತ್ತದೆ. ಬ್ಯಾಂಡೇಜಿಗೆ ಈ ಪುಡಿ ತಿಕ್ಕಿ ಬಳಸುವ ಉಪಾಯ ಡಚ್ ಸೈನ್ಯದ ವೈದ್ಯ ಆಂಟೋನಿಯಸ್ ಮಥೈಸನ್ ಅವರದು, 1851ರಲ್ಲಿ. ನಿಮಿಷಗಳಲ್ಲಿ ಗಟ್ಟಿಯಾದರೂ ಪೂರ್ತಿ ಒಣಗಲು ಒಂದೆರಡು ದಿನ ಬೇಕು. ನಮ್ಮ ಆಟಿ ತಿಂಗಳ ಮಳೆಯಲ್ಲಿ ಇನ್ನೂ ಹೆಚ್ಚು. ಹಾಗೆಂದು ಬಚ್ಚಲೊಲೆಯ ಮುಂದೆ ಕೂತು ಒಣಗಿಸಬಾರದು, ಒಳಗೆ ಚರ್ಮ ಸುಡುತ್ತದೆ. ತುರಿಕೆಗೆ ಹಿಡಿಸೂಡಿ ಕಡ್ಡಿ ತೂರಿಸುವ ಚಾಳಿಯೂ ಬೇಡ. ಗೀರು ಬಿದ್ದು ಒಳಗೇ ಕೀವಾದರೆ ಕಣ್ಣಿಗೆ ಕಾಣುವುದಿಲ್ಲ.

ಬೆಂಗಳೂರಿನಲ್ಲಿ ಎಲುಬು ಕಟ್ಟುವ ನಾಟಿ ವೈದ್ಯರಲ್ಲಿ ಕಾಣುವ 'ಪುತ್ತೂರು ಕಟ್ಟು' ಬೋರ್ಡಿಗೂ ನಮ್ಮ ಪುತ್ತೂರಿಗೂ ಸಂಬಂಧವಿಲ್ಲ! ಅದು ತಿರುಪತಿ ಬಳಿಯ, ಆಂಧ್ರದ ಪುತ್ತೂರು.

ಸುಶ್ರುತ ಸಂಹಿತೆ ಎಲುಬಿನ ಮುರಿತವನ್ನು ಹನ್ನೆರಡು ಬಗೆಯೆಂದೂ ಕೀಲು ತಪ್ಪುವುದನ್ನು ಆರು ಬಗೆಯೆಂದೂ ವಿಂಗಡಿಸುತ್ತದೆ. ದಬ್ಬೆ ಕಟ್ಟಲು ಅದು ಹೇಳುವ ಮರಗಳಲ್ಲಿ ಹಿಪ್ಪೆ, ಅತ್ತಿ, ಅಶ್ವತ್ಥ, ಮುತ್ತುಗ, ಬಿದಿರು ಇವೆ. ಅದಕ್ಕಿಂತ ದೊಡ್ಡ ಮಾತು ಕಟ್ಟಿನ ಬಿಗಿಯ ಬಗ್ಗೆ. ಸಡಿಲವಾದರೆ ಎಲುಬು ನಿಲ್ಲದು, ಬಿಗಿಯಾದರೆ ಬಾವು, ನೋವು, ಕೀವು. ಚಳಿಗಾಲದಲ್ಲಿ ಏಳು ದಿನಕ್ಕೆ, ಸೆಕೆಗಾಲದಲ್ಲಿ ಮೂರೇ ದಿನಕ್ಕೆ ಕಟ್ಟು ಬಿಚ್ಚಿ ಕಟ್ಟಬೇಕಂತೆ. ಎಲುಬು ಕಟ್ಟುವ ಕೆಲವರು ಈ ಪಾಠ ಮರೆತು ಬಿಗಿದದ್ದರಿಂದ ಬೆರಳು ಕೊಳೆತು ಕೈಯನ್ನೇ ಕತ್ತರಿಸಬೇಕಾದ ಪ್ರಕರಣಗಳು ಭಾರತದ ವೈದ್ಯ ಪತ್ರಿಕೆಗಳಲ್ಲಿ ದಾಖಲಾಗಿವೆ. ಆಸ್ಪತ್ರೆಯ ಪ್ಲಾಸ್ಟರಿಗೂ ಈ ಎಚ್ಚರ ಬೇಕು. ಬೆರಳು ನೀಲಿಯಾದರೆ, ಜೋಮು ಹಿಡಿದರೆ, ಮಾತ್ರೆ ತಿಂದರೂ ನೋವು ಏರುತ್ತಲೇ ಇದ್ದರೆ ಬೆಳಗಾಗಲಿ ಎಂದು ಕಾಯಬಾರದು. ಮಧ್ಯರಾತ್ರಿಯಾದರೂ ಸರಿ, ಬಾಡಿಗೆ ಜೀಪಾದರೂ ಸರಿ.

ಮಂಗರವಳ್ಳಿಯ ಚಟ್ನಿ ತಿಂದರೆ ಎಲುಬು ಬೇಗ ಕೂಡುತ್ತದೆ ಎಂಬುದು ಅಜ್ಜಿಯಂದಿರ ಮಾತು. ಅದನ್ನು ಪ್ರಯೋಗಾಲಯಕ್ಕೆ ಒಯ್ದವರು ಡಾ. ಕಟೀಲು ನರಸಿಂಹ ಉಡುಪ. ಕಾಶಿಯ ಬನಾರಸ್ ಹಿಂದೂ ವಿಶ್ವವಿದ್ಯಾಲಯದಲ್ಲಿ ಹೆಸರು ಮಾಡಿದ ಶಸ್ತ್ರವೈದ್ಯ. 1960ರ ದಶಕದಲ್ಲಿ ಅವರು ಜಿ. ಸಿ. ಪ್ರಸಾದ್ ಜೊತೆ ಸೇರಿ, ವಿಕಿರಣಶೀಲ ಕ್ಯಾಲ್ಸಿಯಂ ಬಳಸಿ ಪ್ರಾಣಿಗಳಲ್ಲಿ ಪರೀಕ್ಷಿಸಿದರು. ಬಳ್ಳಿ ಕೊಟ್ಟಲ್ಲಿ ಎಲುಬು ಬೇಗ ಗಟ್ಟಿಯಾದಂತೆ ಕಂಡಿತು. ಮನುಷ್ಯರಲ್ಲಿ ಅಷ್ಟೇ ಖಚಿತವಾದ ಸಾಕ್ಷ್ಯ ಇನ್ನೂ ಬೇಕು, ಆದ್ದರಿಂದ ಚಟ್ನಿ ಪ್ಲಾಸ್ಟರಿನ ಜೊತೆಗಿರಲಿ, ಪ್ಲಾಸ್ಟರಿನ ಬದಲಿಗಲ್ಲ. ಅಂದಹಾಗೆ, ಹಸಿಬಳ್ಳಿ ಮುಟ್ಟಿದರೆ ಕೈ, ತಿಂದರೆ ಗಂಟಲು ತುರಿಸುತ್ತದೆ.

ಪಥ್ಯದ ಪಟ್ಟಿಯಲ್ಲಿ ಹುಳಿ ಬೇಡ ಎನ್ನುವವರಿಗೆ ಹಡಗಿನ ಒಂದು ಕತೆ. 1740ರಲ್ಲಿ ಹೊರಟ ಬ್ರಿಟಿಷ್ ನೌಕಾಧಿಕಾರಿ ಆನ್ಸನ್ ಅವರ ಪಯಣದಲ್ಲಿ ಸಿ ಜೀವಸತ್ವವಿಲ್ಲದೆ ಸ್ಕರ್ವಿ ಹರಡಿತು. ಐವತ್ತು ವರ್ಷ ಹಿಂದೆ ಯುದ್ಧದಲ್ಲಿ ಗಾಯಗೊಂಡಿದ್ದ ಒಬ್ಬನ ಮಾಗಿದ ಗಾಯ ಬಾಯಿಬಿಟ್ಟು, ಕೂಡಿದ್ದ ಎಲುಬೂ ಮತ್ತೆ ಬೇರೆಯಾಯಿತೆಂದು ಆ ಪಯಣದ ದಾಖಲೆ ಹೇಳುತ್ತದೆ. ಎಲುಬಿನ ಅಂಟಾದ ಕೊಲಾಜನ್ ತಯಾರಾಗಲು ಸಿ ಜೀವಸತ್ವ ಬೇಕೇಬೇಕು. ನೆಲ್ಲಿಕಾಯಿ, ಪೇರಳೆ, ಲಿಂಬೆ ಧಾರಾಳ ತಿನ್ನಿ. ಬಿಡಬೇಕಾದದ್ದು ಬೀಡಿ ಮತ್ತು ಎಲೆಯಡಿಕೆಯ ಜೊತೆಗಿನ ಹೊಗೆಸೊಪ್ಪು. ಬೀಡಿಯ ಹೊಗೆ ಎಲುಬು ಕೂಡುವುದನ್ನು ನಿಧಾನ ಮಾಡುತ್ತದೆ.

ಮಕ್ಕಳ ಎಲುಬು ಒಡೆಯುವ ಬದಲು ಅನೇಕ ಸಲ ಬರೀ ಉಬ್ಬುತ್ತದೆ ಅಥವಾ ಹಸಿಕೋಲಿನಂತೆ ಅರ್ಧ ಸೀಳಿ ಬಾಗುತ್ತದೆ. ಅವರಿಗೆ ಪ್ಲಾಸ್ಟರ್ ಮೂರು ನಾಲ್ಕು ವಾರ ಸಾಕು. ದೊಡ್ಡವರಿಗೆ ಸಾಮಾನ್ಯವಾಗಿ ಆರು ವಾರ.

ಪ್ಲಾಸ್ಟರ್ ಕತ್ತರಿಸುವ ಗರಗಸ ಸುತ್ತುವುದಿಲ್ಲ, ಇದ್ದಲ್ಲೇ ನಡುಗುತ್ತದೆ. ಗಟ್ಟಿ ಪ್ಲಾಸ್ಟರ್ ತುಂಡಾಗುತ್ತದೆ, ಮೆತ್ತಗಿನ ಚರ್ಮ ಜೊತೆಗೇ ಅಲುಗಿ ಪಾರಾಗುತ್ತದೆ. ಅಮೆರಿಕದ ಎಲುಬು ವೈದ್ಯ ಹೋಮರ್ ಸ್ಟ್ರೈಕರ್ ಅವರಿಗೆ ಇದರ ಪೇಟೆಂಟ್ ಸಿಕ್ಕಿದ್ದು 1947ರಲ್ಲಿ. ಒಳಗಿಂದ ಹೊರಬರುವ ಕೈ ಸೊರಗಿರುತ್ತದೆ, ಕೆಲವರಿಗೆ ಕೂದಲೂ ದಟ್ಟವಾಗಿರುತ್ತದೆ. ಗಾಬರಿ ಬೇಡ, ತಿಂಗಳುಗಳಲ್ಲಿ ಮಾಮೂಲಾಗುತ್ತದೆ.

ಬೆರಳು, ಮೊಣಕೈ, ಭುಜ ಆಡಿಸುವ ಕೆಲಸ ಪ್ಲಾಸ್ಟರ್ ಹಾಕಿದ ದಿನವೇ ಶುರು. ಜೋಳಿಗೆಯಲ್ಲಿ ಕೈ ಇಟ್ಟು ಆರು ವಾರ ಸುಮ್ಮನಿದ್ದವರ ಎಲುಬು ಕೂಡುತ್ತದೆ, ಕೈ ಮರಗಟ್ಟುತ್ತದೆ. ಪ್ಲಾಸ್ಟರ್ ತೆಗೆದ ಮೇಲೆ ಮಡಚುವುದಕ್ಕಿಂತಲೂ ಹೆಚ್ಚಾಗಿ ಕಾಡುವುದು ತಿರುಗಿಸುವುದು. ಮೊಣಕೈಯನ್ನು ಪಕ್ಕೆಗೆ ಒತ್ತಿ ಹಿಡಿದು, ದೇವಸ್ಥಾನದಲ್ಲಿ ತೀರ್ಥಕ್ಕೆ ಒಡ್ಡುವಂತೆ ಅಂಗೈ ಮೇಲೆ ಮಾಡಿ ನೋಡಿ. ತೀರ್ಥ ನಿಲ್ಲದಿದ್ದರೆ ಫಿಸಿಯೋಥೆರಪಿ ಬಾಕಿಯಿದೆ. ಹಾಲು ಕರೆಯುವ, ಅಡಿಕೆ ಸುಲಿಯುವ, ರಬ್ಬರ್ ಟ್ಯಾಪಿಂಗ್ ಮಾಡುವ ಹಿಡಿತ ಪೂರ್ತಿ ಮರಳಲು ಆರು ತಿಂಗಳಿಂದ ವರ್ಷವೂ ಹಿಡಿಯಬಹುದು.

ಕೊನೆಯದು ವಿಚಿತ್ರ. ಎಲುಬು ಜಾಗ ಬಿಟ್ಟು ಕದಲದ ಸಾಧಾರಣ ಮುರಿತದಲ್ಲೂ, ವಾರಗಳ ನಂತರ, ಹೆಬ್ಬೆರಳನ್ನು ಎತ್ತುವ ಹುರಿ ಸವೆದು ತುಂಡಾಗುವುದಿದೆ. ಅಂಗೈಯನ್ನು ಮೇಜಿನ ಮೇಲೆ ಚಪ್ಪಟೆ ಇಟ್ಟರೆ ಹೆಬ್ಬೆರಳು ಮೇಲೇಳುವುದಿಲ್ಲ. ನೋವೂ ಹೆಚ್ಚಿರುವುದಿಲ್ಲ. ಆಗ ಶಸ್ತ್ರವೈದ್ಯರು ತೋರುಬೆರಳಿನಿಂದ ಸಾಲ ತರುತ್ತಾರೆ. ತೋರುಬೆರಳನ್ನು ನೆಟ್ಟಗೆ ಮಾಡಲು ಎರಡು ಹುರಿಗಳಿವೆ, ಒಂದನ್ನು ಹೆಬ್ಬೆರಳಿಗೆ ಜೋಡಿಸಿದರೂ ಇನ್ನೊಂದರಿಂದ ಅದರ ಕೆಲಸ ನಡೆಯುತ್ತದೆ.