ಯಂತ್ರದ ಕೈಪಿಡಿ: ಎಲ್ಲಿ ಹುಡುಕಬೇಕು, ಹೇಗೆ ಓದಬೇಕು?

ಹುಣಸೂರಿನಿಂದ ಪಿರಿಯಾಪಟ್ಟಣಕ್ಕೆ ಹೋಗುವ ಹಾದಿಯಲ್ಲಿ, ಹೆಗ್ಗಡದೇವನಕೋಟೆಯ ಕಾಡಂಚಿನ ಹಳ್ಳಿಗಳಲ್ಲಿ, ಕೃಷ್ಣರಾಜನಗರದ ಗದ್ದೆಬಯಲುಗಳ ನಡುವೆ ಇಂದಿಗೂ ಒಮ್ಮೊಮ್ಮೆ ಒಂದು ಪರಿಚಿತವಾದ ಶಬ್ದ ಕಿವಿಗೆ ಬೀಳುತ್ತದೆ. ಅದು ಹಳೆಯ ಯೆಜ್ಡಿ ಮೋಟಾರು ಸೈಕಲ್ಲಿನ ಶಬ್ದ. ಈ ಯಂತ್ರದ ತವರು ದೂರವೇನಲ್ಲ. ಜೆಕೊಸ್ಲೊವಾಕಿಯದ ಜಾವಾ ಸಂಸ್ಥೆಯ ತಾಂತ್ರಿಕ ನೆರವಿನಿಂದ ಐಡಿಯಲ್ ಜಾವಾ ಕಾರ್ಖಾನೆ 1960ರ ದಶಕದ ಆರಂಭದಲ್ಲಿ ಮೈಸೂರಿನ ಯಾದವಗಿರಿಯಲ್ಲಿ ಕೆಲಸ ತೊಡಗಿತು. 1973ರಿಂದ ಅಲ್ಲಿಯ ವಾಹನಗಳು ಯೆಜ್ಡಿ ಎಂಬ ಹೆಸರನ್ನು ಹೊತ್ತು ಹೊರಬಂದವು. 1996ರಲ್ಲಿ ಕಾರ್ಖಾನೆ ಮುಚ್ಚಿತು. ಯಂತ್ರಗಳೇನೋ ಉಳಿದವು, ಅವುಗಳ ಸಂಗಡ ಬಂದಿದ್ದ ಕೈಪಿಡಿಗಳಲ್ಲಿ ಬಹಳಷ್ಟು ಅಟ್ಟದ ಗೆದ್ದಲಿಗೆ ಆಹಾರವಾದವು.

ಕೈಪಿಡಿಯಿಲ್ಲದೆ ಯಂತ್ರವನ್ನು ರಿಪೇರಿ ಮಾಡಲಾಗದೆ? ನುರಿತ ಮೆಕ್ಯಾನಿಕ್ಕಿಗೆ ಆದೀತು, ಹೊಸಬನಿಗೆ ಆಗದು. ಇದನ್ನು ನಾವು ದಂಡ ತೆತ್ತು ಕಲಿತೆವು.

ಪಿರಿಯಾಪಟ್ಟಣದ ಕಡೆಯ ನಮ್ಮ ವಿದ್ಯಾರ್ಥಿಯೊಬ್ಬನ ಮನೆಯಲ್ಲಿ ಅವನ ತಂದೆಯ ಯೆಜ್ಡಿ ಇತ್ತು. ರಜೆಯ ದಿನವೊಂದರಲ್ಲಿ ನಾವು ಮತ್ತು ನಾಲ್ವರು ವಿದ್ಯಾರ್ಥಿಗಳು ಅದರ ಸ್ಪಾರ್ಕ್ ಪ್ಲಗ್ಗನ್ನು ಬಿಚ್ಚಿ, ಶುಚಿಮಾಡಿ, ಮರಳಿ ಕೂರಿಸಲು ಹೊರಟೆವು. ಕೈಯಲ್ಲಿದ್ದುದು ಯಾರೋ ಕೊಟ್ಟ ಒಂದು ಜೆರಾಕ್ಸ್ ಪ್ರತಿ. ಅದಕ್ಕೆ ಮೊದಲ ಪುಟವಿರಲಿಲ್ಲ. ಕೋಷ್ಟಕದ ತಲೆಬರಹವೂ ಕತ್ತರಿಸಿ ಹೋಗಿತ್ತು. ಪ್ಲಗ್ಗನ್ನು ಬಿಗಿಮಾಡುವ ಪ್ರಮಾಣ 25 ಎಂದು ಮಾತ್ರ ಕಾಣುತ್ತಿತ್ತು. ಯಾವ ಮಾನದಲ್ಲಿ 25? ಹಳೆಯ ಪುಸ್ತಕವಾದುದರಿಂದ ಅಡಿ-ಪೌಂಡು ಇರಬೇಕೆಂದು ನಾವೇ ಊಹಿಸಿ, ಬಿಗಿತ ಅಳೆಯುವ ಸ್ಪಾನರಿನ ಆ ಗುರುತಿಗೇ ಬಿಗಿಮಾಡಿಸಿದೆವು. ಅದು ಮುಟ್ಟುವ ಮೊದಲೇ ಸ್ಪಾನರು ಸಡಿಲವಾಗಿ ತಿರುಗಿಬಿಟ್ಟಿತು. ಸಿಲಿಂಡರಿನ ಅಲ್ಯುಮಿನಿಯಂ ತಲೆಯ ಮರೆಗಳು ಸವೆದು ಕಿತ್ತುಹೋಗಿದ್ದವು!

ಹೀಗೇಕಾಯಿತು? ಲೆಕ್ಕವನ್ನು ನೋಡೋಣ. ತಿರುಗಿಸುವ ಬಲದ ಪರಿಣಾಮವನ್ನು ಭೌತಶಾಸ್ತ್ರದಲ್ಲಿ ಭ್ರಾಮಕವೆನ್ನುತ್ತೇವೆ; ಅದು ಬಲವನ್ನು ಸ್ಪಾನರಿನ ಉದ್ದದಿಂದ ಗುಣಿಸಿದಾಗ ದೊರೆಯುವ ಮೊತ್ತ. 25 ನ್ಯೂಟನ್-ಮೀಟರ್ ಭ್ರಾಮಕಕ್ಕೆ 25 ಸೆಂಟಿಮೀಟರ್ ಉದ್ದದ ಸ್ಪಾನರಿನ ತುದಿಯಲ್ಲಿ 100 ನ್ಯೂಟನ್ ಬಲ ಸಾಕು. ಮಟ್ಟಸವಾಗಿ ಹಿಡಿದ ಸ್ಪಾನರಿನ ತುದಿಗೆ 10 ಲೀಟರು ನೀರನ್ನು ತೂಗುಹಾಕಿದರೆ ಹೆಚ್ಚುಕಡಿಮೆ ಅಷ್ಟೇ ಬಲ ಬೀಳುತ್ತದೆ. ಒಂದು ಅಡಿ-ಪೌಂಡು ಸುಮಾರು 1.36 ನ್ಯೂಟನ್-ಮೀಟರಿಗೆ ಸಮ. ಆದುದರಿಂದ 25 ಅಡಿ-ಪೌಂಡು ಎಂದರೆ ಸುಮಾರು 34 ನ್ಯೂಟನ್-ಮೀಟರ್. ಮೂರನೆಯ ಒಂದು ಪಾಲಿಗಿಂತಲೂ ಹೆಚ್ಚು! ಸಾಲದುದಕ್ಕೆ, ಸುಲಭವಾಗಿ ತಿರುಗಲೆಂದು ನಾವು ಮರೆಗಳಿಗೆ ಎಣ್ಣೆ ಹಚ್ಚಿದ್ದೆವು. ಎಣ್ಣೆ ಘರ್ಷಣೆಯನ್ನು ತಗ್ಗಿಸುವುದರಿಂದ ಅದೇ ಭ್ರಾಮಕ ಮರೆಗಳನ್ನು ಇನ್ನಷ್ಟು ಬಲವಾಗಿ ಎಳೆಯುತ್ತದೆ. ಮೆದುವಾದ ಅಲ್ಯುಮಿನಿಯಂ ತಾಳಲಿಲ್ಲ.

ವಿದ್ಯಾರ್ಥಿಯ ತಂದೆ ಜಗಲಿಯ ಮೇಲೆ ಕುಳಿತು ಎಲ್ಲವನ್ನೂ ನೋಡುತ್ತಿದ್ದರು. ಸ್ವಲ್ಪ ಹೊತ್ತಿನ ಮೇಲೆ, "ಪುಸ್ತಕದಲ್ಲೇ ತಪ್ಪಿತ್ತೇ, ಮೇಷ್ಟ್ರೇ?" ಎಂದು ಕೇಳಿದರು. ಪುಸ್ತಕದ ಮೇಲೆ ತಪ್ಪು ಹೊರಿಸುವುದು ಸುಲಭವಾಗಿತ್ತು. "ಇಲ್ಲ, ನಾವು ಅರ್ಧ ಪುಸ್ತಕ ಓದಿದೆವು" ಎಂದೆವು. ಭೌತಶಾಸ್ತ್ರದ ಪರೀಕ್ಷೆಯಲ್ಲಿ ಮಾನ ಬರೆಯದ ಉತ್ತರಕ್ಕೆ ಅಂಕ ಕಳೆಯುವವರು ನಾವೇ ಅಲ್ಲವೆ?

ಈಗ ಕೈಪಿಡಿಗಳ ವಿಚಾರಕ್ಕೆ ಬರೋಣ. ಅವುಗಳಲ್ಲಿ ಮೂರು ಬಗೆ. ಮಾಲಿಕನ ಕೈಪಿಡಿ ವಾಹನದ ಸಂಗಡವೇ ಬರುತ್ತದೆ. ಎಣ್ಣೆ, ಚಕ್ರದ ಗಾಳಿ, ಚೈನಿನ ಸಡಿಲ ಮುಂತಾದ ನಿತ್ಯದ ಪಾಲನೆಯನ್ನು ತಿಳಿಸುತ್ತದೆ. ಕಾರ್ಯಾಗಾರದ ಕೈಪಿಡಿ ಯಂತ್ರವನ್ನು ಬಿಚ್ಚಿ ಜೋಡಿಸುವ ಕ್ರಮವನ್ನೂ ಅಳತೆಗಳನ್ನೂ ಕೊಡುತ್ತದೆ. ಬಿಡಿಭಾಗಗಳ ಪಟ್ಟಿ ಪ್ರತಿಯೊಂದು ಭಾಗದ ಚಿತ್ರವನ್ನೂ ಸಂಖ್ಯೆಯನ್ನೂ ತೋರಿಸುತ್ತದೆ. ಮನೆಯಲ್ಲೇ ರಿಪೇರಿ ಮಾಡುವವರಿಗಾಗಿ ಇಂಗ್ಲೆಂಡಿನ ಜಾನ್ ಹೇನ್ಸ್ ಎಂಬಾತನು 1966ರಲ್ಲಿ ಆಸ್ಟಿನ್-ಹೀಲಿ ಸ್ಪ್ರೈಟ್ ಕಾರಿನ ಕೈಪಿಡಿಯೊಂದನ್ನು ಪ್ರಕಟಿಸಿದನು. ವಾಹನವನ್ನು ನಿಜವಾಗಿ ಬಿಚ್ಚಿ, ಪ್ರತಿ ಹಂತದ ಛಾಯಾಚಿತ್ರ ತೆಗೆದು ವಿವರಿಸುವುದೇ ಅವನ ಮಾಲೆಯ ಹಿರಿಮೆ.

ಹುಡುಕುವವರು ಮೊದಲು ಮಾಡಬೇಕಾದುದು ತಮ್ಮ ವಾಹನದ ಗುರುತನ್ನು ಅರಿಯುವುದು. ಚೌಕಟ್ಟಿನ ಮೇಲೂ ಎಂಜಿನಿನ ಮೇಲೂ ಒತ್ತಿರುವ ಸಂಖ್ಯೆಗಳನ್ನೂ ನೋಂದಣಿ ಪತ್ರದ ವರ್ಷವನ್ನೂ ಬರೆದುಕೊಳ್ಳಿ. ಹೆಸರೊಂದನ್ನೇ ನಂಬಿದರೆ ಮೋಸ ಹೋಗುವಿರಿ. ಜಾವಾ ಹೆಸರು 2018ರಲ್ಲಿ, ಯೆಜ್ಡಿ ಹೆಸರು 2022ರಲ್ಲಿ ನಮ್ಮ ದೇಶದ ಮಾರುಕಟ್ಟೆಗೆ ಮರಳಿದವು. ಆದರೆ ಹೊಸವು ದ್ರವದಿಂದ ತಂಪುಗೊಳ್ಳುವ ನಾಲ್ಕು ಹೊಡೆತದ ಎಂಜಿನುಗಳು. ಹಳೆಯವು ಗಾಳಿಯಿಂದ ತಂಪುಗೊಳ್ಳುವ ಎರಡು ಹೊಡೆತದವು. ಒಂದರ ಕೈಪಿಡಿ ಇನ್ನೊಂದಕ್ಕೆ ಸಲ್ಲದು. ಹಳೆಯ ಎಂಜಿನಿನಲ್ಲಿ ಪೆಟ್ರೋಲಿಗೇ ಎಣ್ಣೆ ಬೆರೆಸಬೇಕು. ಕೈಪಿಡಿ 1:20 ಎಂದರೆ 5 ಲೀಟರಿಗೆ 250 ಮಿಲಿಲೀಟರು. 1:40 ಎಂದರೆ 125 ಮಾತ್ರ. ಎಣ್ಣೆ ಕಡಮೆಯಾದರೆ ಪಿಸ್ಟನ್ನು ಸಿಲಿಂಡರಿಗೆ ಕಚ್ಚಿಕೊಳ್ಳುತ್ತದೆ. ಹೆಚ್ಚಾದರೆ ಹೊಗೆ ಬಂದು ಪ್ಲಗ್ಗು ಮಸಿಗಟ್ಟುತ್ತದೆ.

ಈಗ ತಯಾರಾಗುತ್ತಿರುವ ಅನೇಕ ವಾಹನಗಳ ಮಾಲಿಕನ ಕೈಪಿಡಿ ತಯಾರಕರ ಅಂತರ್ಜಾಲ ತಾಣಗಳಲ್ಲೇ ದೊರೆಯುತ್ತದೆ. ನಿಂತುಹೋದ ವಾಹನಗಳಿಗೆ ಹಳೆಯ ಮಾಲಿಕರ ಕೂಟಗಳೇ ಗ್ರಂಥಾಲಯಗಳು. ಪ್ರತಿವರ್ಷ ಜುಲೈ ತಿಂಗಳ ಎರಡನೆಯ ಭಾನುವಾರ ಜಾವಾ, ಯೆಜ್ಡಿ ಮಾಲಿಕರು ಊರೂರುಗಳಲ್ಲಿ ಸೇರುತ್ತಾರೆ; ಕೈಪಿಡಿಯ ಪೂರ್ಣ ಪ್ರತಿಗಾಗಿ ಅಲ್ಲಿ ವಿಚಾರಿಸಬಹುದು. ಸಾಮಾನ್ಯ ತತ್ತ್ವಗಳನ್ನು ಕಲಿಯಲು ಕೈಗಾರಿಕಾ ತರಬೇತಿ ಸಂಸ್ಥೆಗಳ ಪಠ್ಯಪುಸ್ತಕಗಳು ಒಳ್ಳೆಯವು. ಪ್ರತಿ ಯಾವುದೇ ಇರಲಿ, ಮೊದಲ ಪುಟ, ಮಾನಗಳ ಕಲಮು, ತಿದ್ದುಪಡಿಯ ಪುಟ, ಈ ಮೂರೂ ಇವೆಯೇ ಎಂದು ನೋಡಿಕೊಳ್ಳಿ.

ದೊರೆತ ಅಂಕಿಗಳನ್ನು ಪರೀಕ್ಷಿಸುವುದೂ ಸಾಧ್ಯ. ಹಳೆಯ 250 ಯೆಜ್ಡಿಯ ಸಿಲಿಂಡರಿನ ವ್ಯಾಸ 65 ಮಿಲಿಮೀಟರ್, ಪಿಸ್ಟನ್ನಿನ ಓಟ 75 ಮಿಲಿಮೀಟರ್. ಘನಗಾತ್ರವನ್ನು ನೀವೇ ಗುಣಿಸಿ ನೋಡಿ. ಸುಮಾರು 249 ಘನ ಸೆಂಟಿಮೀಟರು ಬರುತ್ತದೆ. 250 ಎಂಬ ಹೆಸರಿಗೆ ಅದು ಒಪ್ಪುತ್ತದೆ. ಒಪ್ಪದಿದ್ದರೆ ಪುಸ್ತಕವನ್ನು ಸಂಶಯಿಸಬೇಕು.

ಕಿತ್ತುಹೋದ ಮರೆಯನ್ನು ಹುಣಸೂರಿನ ವೃದ್ಧ ಮೆಕ್ಯಾನಿಕ್ಕರೊಬ್ಬರು ಹೊಸ ಒಳತೊಡಿಗೆ ಹಾಕಿಸಿ ಸರಿಪಡಿಸಿದರು. ಖರ್ಚನ್ನು ನಾವು ಕೊಟ್ಟೆವು. ಅವರ ಅಂಗಡಿಯ ಗೂಡಿನಲ್ಲಿ ಎಣ್ಣೆಗೈಯ ಗುರುತುಗಳಿಂದ ಕಪ್ಪಾದ ಒಂದು ನೋಟುಪುಸ್ತಕವಿತ್ತು. ಯಾವ ಗಾಡಿಗೆ ಯಾವ ಅಂತರ, ಯಾವ ಮೋರೆಯ ಪ್ಲಗ್ಗು ಏನನ್ನು ಸೂಚಿಸುತ್ತದೆ, ಎಲ್ಲವೂ ಕನ್ನಡದಲ್ಲಿತ್ತು. ಪ್ರತಿ ಅಂಕಿಯ ಮುಂದೆ ಮಾನವೂ ಇತ್ತು! "ಬರೆದಿಡದಿದ್ದರೆ ನನ್ನ ಸಂಗಡಲೇ ಹೋಗುತ್ತಲ್ಲ, ಮೇಷ್ಟ್ರೇ" ಎಂದರು ಅವರು. ಅವರ ಒಪ್ಪಿಗೆ ಪಡೆದು ವಿದ್ಯಾರ್ಥಿಗಳು ಅದನ್ನು ನಕಲು ಮಾಡುತ್ತಿದ್ದಾರೆ. ಪ್ರತಿಯೊಂದು ಅಂಕಿಯನ್ನೂ ಈಗ ದೊರೆತಿರುವ ಪೂರ್ಣ ಕೈಪಿಡಿಯೊಡನೆ ಹೋಲಿಸುತ್ತಿದ್ದಾರೆ.

ಬ್ರೇಕಿನಂತಹ ಪ್ರಾಣಕ್ಕೆ ಸಂಬಂಧಿಸಿದ ಭಾಗಗಳನ್ನು ಹೊಸಬರು ಅನುಭವಿಗಳ ಎದುರಿನಲ್ಲಿಯೇ ಮುಟ್ಟಬೇಕು. ಮಿಕ್ಕುದನ್ನು ಧೈರ್ಯವಾಗಿ ಕಲಿಯಿರಿ. ನಿಮ್ಮ ಊರಿನಲ್ಲಿಯೂ ಅಂತಹ ನೋಟುಪುಸ್ತಕವೊಂದು ಇದ್ದೀತು. ಅದು ಅಂಗಡಿಯ ಧೂಳಿನಲ್ಲಿ ಕಳೆದುಹೋಗುವ ಮುನ್ನ ಹೋಗಿ ಕೇಳಿರಿ.