ಸುಟ್ಟ ಅಂಗಡಿ, ಉಳಿದ ಕರಾರು

2024ರ ಸೆಪ್ಟೆಂಬರ್ 11ರ ರಾತ್ರಿ ನಾಗಮಂಗಲದಲ್ಲಿ ಗಣೇಶ ಮೂರ್ತಿಯ ಮೆರವಣಿಗೆಯ ವೇಳೆ ಭುಗಿಲೆದ್ದ ಗಲಭೆಯಲ್ಲಿ ಹಲವು ಅಂಗಡಿಗಳು ಬೆಂಕಿಗೆ ಆಹುತಿಯಾದವು. ತಪ್ಪು ಯಾರದು, ಪರಿಹಾರ ಎಷ್ಟು ಎಂಬ ಚರ್ಚೆ ಸಾಕಷ್ಟು ನಡೆಯಿತು. ಆದರೆ ಅಂಥ ಬೂದಿಯಿಂದ ಏಳುವ ಇನ್ನೊಂದು ಪ್ರಶ್ನೆ ವಕೀಲರ ಕಚೇರಿಯಿಂದಾಚೆಗೆ ಕೇಳಿಸುವುದು ಅಪರೂಪ. ಸುಟ್ಟ ಮಳಿಗೆ ಬಾಡಿಗೆಯದಾಗಿದ್ದರೆ, ಅದರೊಡನೆ ಬಾಡಿಗೆದಾರನ ಹಕ್ಕೂ ಸುಟ್ಟುಹೋಯಿತೇ?

1882ರ ಸ್ವತ್ತು ವರ್ಗಾವಣೆ ಕಾಯ್ದೆಯನ್ನು ರಚಿಸಿದವರು ಇದನ್ನು ಮೊದಲೇ ಊಹಿಸಿದ್ದರೆಂಬುದು ಸೋಜಿಗ. ಬೆಂಕಿ, ಬಿರುಗಾಳಿ, ಪ್ರವಾಹಗಳ ಸಾಲಿನಲ್ಲಿ ಗುಂಪಿನ ಹಿಂಸಾಚಾರವನ್ನೂ ಅದರ 108ನೇ ಕಲಂ ಹೆಸರಿಸುತ್ತದೆ. ಇವುಗಳಿಂದ ಸ್ವತ್ತಿನ ಮುಖ್ಯ ಭಾಗ ಪೂರ್ಣವಾಗಿ ನಾಶವಾದರೆ ಗುತ್ತಿಗೆಯನ್ನು ಮುಗಿಸುವ ಆಯ್ಕೆ ಬಾಡಿಗೆದಾರನದು, ಮಾಲೀಕನದಲ್ಲ. ಕಟ್ಟಡ ಹೋದರೆ ಅಂಗಡಿಯ ಬಾಡಿಗೆ ಹಕ್ಕೂ ಹೋಗುತ್ತದೆ ಎಂದು ಕೇರಳದ ಪ್ರಕರಣವೊಂದರಲ್ಲಿ ಸುಪ್ರೀಂ ಕೋರ್ಟ್ ಹೇಳಿತ್ತು. 2014ರಲ್ಲಿ ಮೂವರು ನ್ಯಾಯಮೂರ್ತಿಗಳ ಪೀಠ ಈ ನಿಲುವನ್ನು ಒಪ್ಪಲಿಲ್ಲ. ಗೋಡೆ ಬಿದ್ದರೂ ಕೆಳಗಿನ ನೆಲ ಉಳಿದಿರುತ್ತದೆ, ಗುತ್ತಿಗೆಯೂ ಉಳಿಯುತ್ತದೆ ಎಂದಿತು.

ಸರಿ, ಹಾಗೆ ಉಳಿಯುವ ಗುತ್ತಿಗೆ ಎಷ್ಟು ದಿನದ್ದು? ನಮ್ಮ ತಾಲ್ಲೂಕು ಕೇಂದ್ರಗಳ ನಿಜವಾದ ಪಾಡು ಇರುವುದು ಇಲ್ಲಿ. ಶ್ರೀರಂಗಪಟ್ಟಣವಿರಲಿ, ಕೆ.ಆರ್. ಪೇಟೆಯಿರಲಿ, ಪೇಟೆಬೀದಿಯ ಕರಾರು ಸಾಮಾನ್ಯವಾಗಿ 11 ತಿಂಗಳದು. ವರ್ಷ ಮೀರಿದರೆ ನೋಂದಣಿ ಕಡ್ಡಾಯ, ಅದರ ಖರ್ಚು ಯಾರಿಗೂ ಬೇಡ. ಛಾಪಾ ಕಾಗದದ ಮೇಲೆ ಐದು ವರ್ಷವೆಂದು ಬರೆದು ನೋಂದಾಯಿಸದೆ ಬಿಟ್ಟವರ ಗುತ್ತಿಗೆಯನ್ನು ಕಾನೂನು ತಿಂಗಳಿಂದ ತಿಂಗಳಿನದೆಂದೇ ಎಣಿಸುತ್ತದೆ. ಅದನ್ನು ಮುಗಿಸಲು 15 ದಿನಗಳ ಲಿಖಿತ ನೋಟಿಸ್ ಸಾಕು. ನೋಟಿಸಿನ ಅವಧಿ ಬಾಡಿಗೆ ತಿಂಗಳ ಕೊನೆಗೇ ಮುಗಿಯಬೇಕೆಂಬ ಹಳೆಯ ತೊಡಕನ್ನು 2002ರ ಡಿಸೆಂಬರ್ 31ರಿಂದ ಜಾರಿಯಾದ ತಿದ್ದುಪಡಿ ತೆಗೆದುಹಾಕಿತು. ಪಾಂಡವಪುರದ ಸಹಕಾರಿ ಸಕ್ಕರೆ ಕಾರ್ಖಾನೆ 2020ರಲ್ಲಿ 40 ವರ್ಷಗಳಿಗೆ ಖಾಸಗಿಯವರ ಗುತ್ತಿಗೆಗೆ ಹೋಯಿತು. ಅದೇ ಊರಿನ ದಿನಸಿ ವ್ಯಾಪಾರಿಯ ಭದ್ರತೆ ಹದಿನೈದು ದಿನದ್ದು!

ಕರ್ನಾಟಕ ಬಾಡಿಗೆ ಕಾಯ್ದೆ, 1999 ಇದೆಯಲ್ಲ ಎನ್ನಬಹುದು. 2001ರ ಕೊನೆಯ ದಿನ ಜಾರಿಗೆ ಬಂದ ಅದು, ವಾಣಿಜ್ಯ ಮಳಿಗೆಗಳ ಪೈಕಿ 14 ಚದರ ಮೀಟರ್, ಅಂದರೆ ಸುಮಾರು 150 ಚದರ ಅಡಿ ಮೀರದವುಗಳಿಗಷ್ಟೇ, ಅದೂ ಬಾಡಿಗೆಯ ಮಿತಿಗೊಳಪಟ್ಟು ಅನ್ವಯಿಸುತ್ತದೆ. ಪಕ್ಕದ ಗೋಡೆ ಒಡೆದು ಅಂಗಡಿ ಹಿಗ್ಗಿಸಿಕೊಂಡವನು ರಕ್ಷಣೆಯನ್ನೂ ಕಳೆದುಕೊಂಡಿರಬಹುದು.

ಮಾಲೀಕರ ಸಂಕಟವೂ ಸುಳ್ಳಲ್ಲ. ತಂದೆ ಕೊಟ್ಟ ಮಳಿಗೆ ಮಕ್ಕಳ ಪಾಲಿಗೆ ಬಂದಾಗ ಬಾಡಿಗೆ ಹಳೆಯದೇ, ದಾವೆ ಮಾತ್ರ ಹೊಸದು. ಡಿಕ್ರಿಯಾದ ಮೇಲೆ ಮೇಲ್ಮನವಿ, ತಡೆಯಾಜ್ಞೆ. ತಡೆಯಾಜ್ಞೆ ಪಡೆದ ಬಾಡಿಗೆದಾರನಿಂದ ಆ ಅವಧಿಗೆ ಮಾರುಕಟ್ಟೆ ದರದ ಮೊತ್ತವನ್ನೇ ಕೊಡಿಸಬಹುದೆಂದು ಸುಪ್ರೀಂ ಕೋರ್ಟ್ 2004ರಲ್ಲಿ ಹೇಳಿದ ಮೇಲೆ ಈ ಆಟ ಸ್ವಲ್ಪ ದುಬಾರಿಯಾಗಿದೆ. ಆದರೂ ತಾಳ್ಮೆಗೆಟ್ಟು ರಾತ್ರೋರಾತ್ರಿ ಷಟರಿಗೆ ತಮ್ಮ ಬೀಗ ಜಡಿಯುವ ಮಾಲೀಕರಿದ್ದಾರೆ. ಹಾಗೆ ಹೊರಹಾಕಲ್ಪಟ್ಟವನು ಆರು ತಿಂಗಳೊಳಗೆ ದಾವೆ ಹೂಡಿದರೆ, ಒಡೆತನದ ಪ್ರಶ್ನೆಗೇ ಹೋಗದೆ ನ್ಯಾಯಾಲಯ ಸ್ವಾಧೀನವನ್ನು ಮರಳಿ ಕೊಡಿಸಬಲ್ಲದು.

ಬಿಟ್ಟು ಹೋಗಬೇಕೆನ್ನುವ ಬಾಡಿಗೆದಾರನ ಕಥೆ ಬೇರೆ. 2023ರ ಮಾರ್ಚ್‌ನಲ್ಲಿ ಉದ್ಘಾಟನೆಗೊಂಡ ಬೆಂಗಳೂರು–ಮೈಸೂರು ದಶಪಥ ಶ್ರೀರಂಗಪಟ್ಟಣವನ್ನು ಬಳಸಿ ಹೋಗುತ್ತದೆ. ಹಳೆಯ ರಸ್ತೆಯ ಪ್ರಯಾಣಿಕರನ್ನೇ ನಂಬಿದ್ದ ಹೋಟೆಲಿನವನಿಗೆ ಗಿರಾಕಿ ಕಡಿಮೆಯಾದುದು ಕರಾರು ಮುರಿಯಲು ಕಾರಣವಾಗದು. ಅವನೂ ನೋಟಿಸ್ ಕೊಡಬೇಕು. ಬೀಗದ ಕೈ ಒಪ್ಪಿಸಿದ್ದಕ್ಕೆ ಮಾಲೀಕನ ಸಹಿ ಪಡೆಯಬೇಕು. ಇಲ್ಲವಾದರೆ ಬಾಗಿಲು ಮುಚ್ಚಿದ ಅಂಗಡಿಯ ಬಾಡಿಗೆ ಅವನ ಅಡ್ವಾನ್ಸ್ ಹಣವನ್ನು ತಿಂಗಳು ತಿಂಗಳೂ ಕರಗಿಸುತ್ತ ಹೋಗುತ್ತದೆ.